ಹೊಕ್ಕುಳ ಆಪರೇಷನ್ನೂ ಮೀನಿನ ಹಂಡೆಯೂ

ನಾರ್ವಲ್ ಬಾಕೆನ್‌ನ ಹೊಕ್ಕುಳು ಹೊರಗೆ ಬಂದದ್ದು ಬೂಟಿನ ಲಾಡಿ ಕಟ್ಟುವಾಗ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಏಕೆಂದರೆ ನಾರ್ವಲ್ ಯಾರಿಗೂ ಹೇಳಲಿಲ್ಲ. ಅವನು ಹೇಳಿಕೊಂಡು ತಿರುಗಿದ್ದೇ ಬೇರೆ: ಹೋದ ವರ್ಷ ಚರ್ಚಿನ ಊಟದ ದಿನ ಕುದಿಯುವ ಮೀನಿನ ಹಂಡೆಯನ್ನು ಒಬ್ಬನೇ ಇಳಿಸಿದನಂತೆ, ಆಗ ಒಳಗೆಲ್ಲೋ ಏನೋ ಹರಿದಂತಾಯಿತಂತೆ. ಲಾಡಿ ಕಟ್ಟುತ್ತ ಗಾಯಗೊಂಡವನಿಗೂ ದೇವರ ಸೇವೆಯಲ್ಲಿ ಗಾಯಗೊಂಡವನಿಗೂ ಮಿನ್ನೆಸೋಟದ ನ್ಯೂ ಟೋರ್ಪದಂಥ ಊರಿನಲ್ಲಿ ಅಜಗಜಾಂತರ.

ನಾರ್ವಲ್‌ಗೆ ಅರವತ್ತಮೂರು. ಹಾರ್ಡ್‌ವೇರ್ ಅಂಗಡಿಯಲ್ಲಿ ನಟ್ಟು ಬೋಲ್ಟು ತೂಗಿ ಕೊಡುವ ಕೆಲಸ. ವರ್ಷದ ಮುನ್ನೂರ ಅರವತ್ತನಾಲ್ಕು ದಿನ ಅವನ ಮಾತಿಗೆ ಮನೆಯ ಬೆಕ್ಕೂ ಕಿವಿ ಅಲುಗಿಸುತ್ತಿರಲಿಲ್ಲ. ಆದರೆ ನವೆಂಬರಿನ ಮೊದಲ ಶನಿವಾರ ಅವನು ಊರಿನ ದೊರೆ. ಅಂದು ಲೂಥರನ್ ಚರ್ಚಿನ ನೆಲಮಾಳಿಗೆಯಲ್ಲಿ ಲುಟೆಫಿಸ್ಕ್ ಊಟ. ಒಣಗಿಸಿದ ಕಾಡ್ ಮೀನನ್ನು ದಿನಗಟ್ಟಲೆ ಕ್ಷಾರದ ನೀರಲ್ಲಿ ನೆನೆಸಿ, ಆಮೇಲೆ ಆ ಕ್ಷಾರ ಹೋಗಲೆಂದು ಮತ್ತೆ ದಿನಗಟ್ಟಲೆ ತಣ್ಣೀರಲ್ಲಿ ನೆನೆಸಿ, ಕೊನೆಗೆ ಬಟ್ಟೆಯಲ್ಲಿ ಕಟ್ಟಿ ಹಂಡೆಯಲ್ಲಿ ಬೇಯಿಸಿ, ಕರಗಿಸಿದ ಬೆಣ್ಣೆ ಸುರಿದು ತಿನ್ನುವ ಪದಾರ್ಥ. ನಾರ್ವೆಯಿಂದ ಹೊಟ್ಟೆಗಿಲ್ಲದೆ ಹಡಗು ಹತ್ತಿದ ಮುತ್ತಜ್ಜಂದಿರು ತಿನ್ನುತ್ತಿದ್ದರೆಂದು, ಹೊಟ್ಟೆ ತುಂಬಿದ ಮರಿಮಕ್ಕಳು ವರ್ಷಕ್ಕೊಮ್ಮೆ ಪ್ರಾಯಶ್ಚಿತ್ತದಂತೆ ತಿನ್ನುತ್ತಾರೆ.

ಆ ಹಂಡೆಯ ಸೌಟು ನಾರ್ವಲ್‌ನದು. ಅಪ್ಪ ಇಂಗ್ವಾಲ್ಡ್ ಮೂವತ್ತು ವರ್ಷ ಹಿಡಿದ ಮರದ ಸೌಟನ್ನು ಮಗನ ಕೈಗಿಟ್ಟು, "ಗಡಿಯಾರ ನೋಡ್ಬೇಡ. ನಮ್ಮ ಹಾಡು ಹಾಡು. ಹಾಡು ಮುಗಿದಾಗ ಮೀನು ಬೆಂದಿರ್ತದೆ" ಎಂದು ಹೇಳಿ ಕಣ್ಣು ಮುಚ್ಚಿದ್ದ. ಅಂದಿನಿಂದ ಹತ್ತೊಂಬತ್ತು ವರ್ಷ ನಾರ್ವಲ್ ಚರ್ಚಿನ ಹಸಿರು ರಟ್ಟಿನ ಹಾಡಿನ ಪುಸ್ತಕವನ್ನು ಒಲೆಯ ಪಕ್ಕಕ್ಕಿಟ್ಟುಕೊಂಡು, ಆ ಹಾಡಿನ ಐದೂ ಚರಣಗಳನ್ನು ಒಂದಕ್ಷರ ಬಿಡದೆ ಹಾಡುತ್ತಿದ್ದ. ಕೊನೆಯ ಚರಣದಲ್ಲಿ ಭಕ್ತಿ ಉಕ್ಕಿ ರಾಗ ಇನ್ನಷ್ಟು ನಿಧಾನವಾಗುತ್ತಿತ್ತು. ಉಂಡವರು ಹೊರಡುವಾಗ ಅವನ ಕೈ ಕುಲುಕಿ, "ಎಷ್ಟು ಶ್ರಮ ಪಟ್ಟಿದ್ದೀಯ ಅಂತ ಗೊತ್ತಾಗ್ತದೆ" ಎನ್ನುತ್ತಿದ್ದರು. "ಬೆಣ್ಣೆ ತುಂಬಾ ಚೆನ್ನಾಗಿತ್ತು" ಎನ್ನುತ್ತಿದ್ದರು. ನಾರ್ವಲ್ ಇಂಥ ಪ್ರಶಂಸೆಗಳನ್ನೆಲ್ಲ ಪುಸ್ತಕದ ಹಿಂಬದಿಯಲ್ಲಿ ತಾರೀಖು ಹಾಕಿ ಬರೆದಿಟ್ಟಿದ್ದ. ನ್ಯೂ ಟೋರ್ಪದಲ್ಲಿ ಯಾರೂ ಯಾರ ಮುಖಕ್ಕೂ ಕೆಟ್ಟ ಮಾತು ಆಡುವುದಿಲ್ಲ ಎಂಬುದು ಅಲ್ಲೇ ಹುಟ್ಟಿ ಬೆಳೆದ ಅವನಿಗೂ ಗೊತ್ತಿತ್ತು. ಆದರೆ ಅದು ತನಗೂ ಅನ್ವಯಿಸುತ್ತದೆಂದು ಹೊಳೆದಿರಲಿಲ್ಲ.

ಅಕ್ಟೋಬರ್ ಮೊದಲ ವಾರ ಪಕ್ಕದ ಪೇಟೆಯ ಸರ್ಜನ್ ಡಾಕ್ಟರ್ ಕ್ವಾಮ್ ಅವನ ಹೊಟ್ಟೆಯ ಮೇಲೆ ಎರಡು ಬೆರಳಿಟ್ಟು, ಕೆಮ್ಮಿಸಿ ನೋಡಿದಳು.

"ಹೊಕ್ಕುಳ ಹರ್ನಿಯಾ, ಬಾಕೆನ್ ಅವರೇ. ಹಸುಗೂಸುಗಳಲ್ಲಿ ತುಂಬಾ ಸಾಮಾನ್ಯ."

"ಹಸುಗೂಸುಗಳಲ್ಲಾ?"

"ಅವಕ್ಕೆ ತಾನಾಗೇ ಮುಚ್ಕೊಳ್ಳುತ್ತೆ. ನಿಮ್ಮ ವಯಸ್ಸಿನ ಕೂಸುಗಳಿಗೆ ಮುಚ್ಕೊಳ್ಳಲ್ಲ. ಹೊಟ್ಟೆ ಗೋಡೇಲಿ ಎರಡು ಸೆಂಟಿಮೀಟರ್ ತೂತಿದೆ, ಕೊಬ್ಬು ಇಣುಕ್ತಾ ಇದೆ. ನಾಳೆ ಕರುಳೇ ಬಂದು ಸಿಕ್ಕಾಕ್ಕೊಂಡ್ರೆ ಕಷ್ಟ. ಈಗಲೇ ಹೊಲಿದು, ಒಳಗೊಂದು ಸಣ್ಣ ಬಲೆ ತುಂಡು ಇಟ್ಟುಬಿಡೋಣ. ಬೆಳಿಗ್ಗೆ ಬಂದ್ರೆ ಮಧ್ಯಾಹ್ನ ಮನೆಗೆ."

"ನಾನು ಹಂಡೆ ಎತ್ತಿದ್ದಕ್ಕೇ ಅಲ್ವಾ ಹೀಗಾಗಿದ್ದು?"

ಡಾಕ್ಟರ್ ಅವನ ಹೊಟ್ಟೆಯನ್ನು ಈ ತುದಿಯಿಂದ ಆ ತುದಿಯವರೆಗೆ ನೋಡಿದಳು. "ನೀವು ದಿನಾ ಎತ್ಕೊಂಡು ಓಡಾಡ್ತಿರೋ ಈ ಹಂಡೆಯಿಂದ" ಎಂದಳು.

ಆಮೇಲೆ ಒಪ್ಪಿಗೆ ಪತ್ರ ಬಂತು. ಅವಳು ಒಂದೊಂದಾಗಿ ಬೆರಳಿಟ್ಟು ಓದಿದಳು. ರಕ್ತ ಬರಬಹುದು, ಸೋಂಕಾಗಬಹುದು, ಗಾಯದ ಜಾಗದಲ್ಲಿ ನೀರು ತುಂಬಬಹುದು, ಅದು ತಾನೇ ಇಂಗುತ್ತದೆ. ಬಲೆಗೇ ಸೋಂಕಾದರೆ ಅದನ್ನು ತೆಗೆಯಬೇಕಾದೀತು, ಅಪರೂಪ. ಕರುಳಿಗೆ ಪೆಟ್ಟು, ಇನ್ನೂ ಅಪರೂಪ. ಕಾಲಲ್ಲಿ ರಕ್ತ ಹೆಪ್ಪುಗಟ್ಟುವುದು, ಅರಿವಳಿಕೆಯ ತೊಂದರೆ, ಮತ್ತು ತೀರಾ ತೀರಾ ಅಪರೂಪಕ್ಕೆ ಸಾವು.

"ಇಷ್ಟರಲ್ಲಿ ನಿಮಗೆ ನಿಜವಾದ ಭಯ ಇರ್ಬೇಕಾದ್ದು ಒಂದಕ್ಕೇ" ಎಂದಳು. "ಅದು ಮತ್ತೆ ಬರೋದಕ್ಕೆ. ತೂಕ ಇಳಿಸಿ. ಆರು ವಾರ ಹತ್ತು ಪೌಂಡಿಗಿಂತ ಜಾಸ್ತಿ ಎತ್ಬೇಡಿ."

ಊಟಕ್ಕೆ ಉಳಿದಿದ್ದು ನಾಲ್ಕೇ ವಾರ. ನಾರ್ವಲ್ ಬೆವತ. "ಸೌಟು ಹಿಡೀಬಹುದಾ ಡಾಕ್ಟ್ರೇ? ಎರಡೇ ಪೌಂಡು."

"ಧಾರಾಳವಾಗಿ. ಹಂಡೆ ಮಾತ್ರ ಬೇರೆಯವರು ಎತ್ಲಿ."

ಇಲ್ಲಿಗೆ ಕಥೆ ಮುಗಿಯಬಹುದಿತ್ತು. ಆದರೆ ನಾರ್ವಲ್‌ನ ತಲೆಯಲ್ಲಿ ಉಳಿದದ್ದು ಎರಡೇ ಮಾತು. ಒಂದು "ಸಾವು", ಇನ್ನೊಂದು "ಹಸುಗೂಸು". ಮೊದಲನೆಯದನ್ನು ಊರಿಗೆಲ್ಲ ಹೇಳುವುದೆಂದೂ ಎರಡನೆಯದನ್ನು ಯಾರಿಗೂ ಹೇಳಬಾರದೆಂದೂ ಅವನು ದಾರಿಯಲ್ಲೇ ತೀರ್ಮಾನಿಸಿದ.

ಹೇಳಲು ಸಿಕ್ಕಿದ್ದು ಲವೋನ್ ಸ್ಟೆನ್ಸ್‌ರುಡ್. ಅವಳು ಚರ್ಚಿನ ಪ್ರಾರ್ಥನಾ ಸರಪಳಿಯ ಮೊದಲ ಕೊಂಡಿ. ಯಾರಿಗಾದರೂ ಕಾಯಿಲೆಯಾದರೆ ಲವೋನ್ ಒಬ್ಬಳಿಗೆ ಫೋನ್ ಮಾಡುತ್ತಾಳೆ, ಅವಳು ಮತ್ತೊಬ್ಬಳಿಗೆ, ಹೀಗೆ ಒಂಬತ್ತು ಹೆಂಗಸರು. ದೇವರಿಗೆ ಸುದ್ದಿ ಮುಟ್ಟುವ ಮೊದಲೇ ಊರಿಗೆ ಮುಟ್ಟಿರುತ್ತದೆ. ಅಂಚೆ ಕಚೇರಿಯ ಬಾಗಿಲಲ್ಲಿ ಅವಳು ನಾರ್ವಲ್‌ನನ್ನು ಹಿಡಿದು, "ಏನಂದ್ರು ಡಾಕ್ಟ್ರು?" ಎಂದಳು.

ನಾರ್ವಲ್ ಒಂದು ನಿಟ್ಟುಸಿರು ಬಿಟ್ಟ. "ಒಳಗಿಂದು ಲವೋನ್. ಎಲ್ಲಾ ಇದ್ರಲ್ಲಿದೆ ನೋಡು" ಎಂದು ಕಾಗದ ತೆಗೆದ. ಕಾಯಿಲೆಯ ಹೆಸರಿದ್ದ ಮೇಲಿನ ಸಾಲನ್ನು ಮಾತ್ರ ಹಿಂದಕ್ಕೆ ಮಡಚಿ ಹೆಬ್ಬೆರಳು ಒತ್ತಿ ಹಿಡಿದುಕೊಂಡಿದ್ದ. ಲವೋನ್ ಕನ್ನಡಕ ಏರಿಸಿ, ಲಕೋಟೆಯ ಹಿಂಬದಿಗೆ ಎಲ್ಲವನ್ನೂ ಬರೆದುಕೊಂಡಳು.

"ಇಷ್ಟೂ ಇದೆಯಾ ನಿಂಗೆ?"

"ಏನ್ಮಾಡೋದು. ಬಂದದ್ದು ಅನುಭವಿಸ್ಬೇಕು" ಎಂದು ನಾರ್ವಲ್ ಮುಗುಳ್ನಕ್ಕ.

"ನಗ್ತಾ ಹೇಳ್ತಿದ್ದೀಯಲ್ಲೋ!" ಲವೋನ್ ಮೂಗು ಒರೆಸಿಕೊಂಡಳು.

ಭಾನುವಾರ ಚರ್ಚಿನ ಹಾಳೆಯಲ್ಲಿ ಅಚ್ಚಾಗಿತ್ತು: "ನಮ್ಮ ಸಹೋದರ ನಾರ್ವಲ್‌ಗಾಗಿ ಪ್ರಾರ್ಥಿಸೋಣ. ರಕ್ತಸ್ರಾವ, ಸೋಂಕು, ಕರುಳಿನ ಪೆಟ್ಟು, ಕಾಲಿನ ಹೆಪ್ಪು ಮತ್ತು ಸಾವು." ಅದರ ಕೆಳಗೇ ಕಾಫಿ ಪಾತ್ರೆ ತೊಳೆಯುವವರ ಸರದಿ ಪಟ್ಟಿ. ಪ್ರಾರ್ಥನೆಯ ಹೊತ್ತಿನಲ್ಲಿ ಇಡೀ ಚರ್ಚು ತಿರುಗಿ ನೋಡಿತು. ನಾರ್ವಲ್ ಕತ್ತು ಒಂದು ಬದಿಗೆ ವಾಲಿಸಿ, ಇಹಲೋಕದ ವ್ಯಾಪಾರ ಮುಗಿಸಿದವನಂತೆ ಕುಳಿತಿದ್ದ. ಹೆಂಡತಿ ಆರ್ಡಿಸ್ ಅವನ ಪಕ್ಕೆಗೆ ಮೊಣಕೈಯಿಂದ ತಿವಿದಳು.

ಮನೆಗೆ ಬಂದ ಮೇಲೆ ಕೇಳಿದಳು: "ಸಾವು ಅಂತ ಯಾಕೆ ಹೇಳ್ದೆ?"

"ನಾನೆಲ್ಲಿ ಹೇಳ್ದೆ? ಕಾಗದದಲ್ಲಿ ಇತ್ತು, ತೋರಿಸ್ದೆ."

"ಮೇಲ್ಗಡೆ ಹೊಕ್ಕುಳು ಅಂತಾನೂ ಇತ್ತಲ್ಲ?"

"ಅದು ಮಡಚಿಕೊಂಡಿತ್ತು."

ಆರ್ಡಿಸ್ ಸುಳ್ಳು ಹೇಳಿ ಅಭ್ಯಾಸವಿಲ್ಲದ ಹೆಂಗಸು. ಅಡುಗೆಮನೆಗೆ ಹೋಗಿ ಬಾಗಿಲು ಹಾಕಿಕೊಂಡು ಫೋನಿಗೆ ಕೈ ಹಾಕಿದಳು. ತುಂಬಾ ಹೊತ್ತು ಮಾತು ನಡೆಯಿತು. ಹೊರಗೆ ಬಂದಾಗ ಅವಳ ಮುಖದಲ್ಲಿ ಏನೋ ಒಂದು ಸಮಾಧಾನವಿತ್ತು. ಆಮೇಲೆ ಅವಳು ಆ ವಿಷಯ ಎತ್ತಲಿಲ್ಲ. ಹೆಂಡತಿ ಇಷ್ಟು ಬೇಗ ಸೋತಿದ್ದು ಮದುವೆಯಾದ ಮೇಲೆ ಇದೇ ಮೊದಲೆಂದು ನಾರ್ವಲ್ ಬೀಗಿದ.

ಆಪರೇಷನ್ ನಲವತ್ತು ನಿಮಿಷದಲ್ಲಿ ಮುಗಿಯಿತು. ನಾರ್ವಲ್ ಎಚ್ಚರಗೊಂಡು ಸೇಬಿನ ರಸ ಕುಡಿದ, ಇನ್ನೊಂದು ಲೋಟ ಕೇಳಿದ, ಮೂರು ಗಂಟೆಗೆ ಮನೆ ಸೇರಿದ. ಜಗಲಿಯ ಮೇಲೆ ಆಗಲೇ ಹನ್ನೊಂದು ಹಾಟ್‌ಡಿಷ್ ಸಾಲಾಗಿ ಕುಳಿತಿದ್ದವು. ಕೊಚ್ಚಿದ ಮಾಂಸ, ಡಬ್ಬಿಯ ಸೂಪು, ಮೇಲೆ ಆಲೂಗಡ್ಡೆಯ ಉಂಡೆ ಹರಡಿ ಒಲೆಯಲ್ಲಿ ಬೇಯಿಸಿದ ಗಾಜಿನ ತಟ್ಟೆಗಳು. ಪ್ರತಿ ತಟ್ಟೆಯ ಬುಡಕ್ಕೂ ಒಡತಿಯ ಹೆಸರು ಬರೆದ ಕಾಗದದ ಪಟ್ಟಿ ಅಂಟಿಸಿತ್ತು. ರೋಗಿ ಉಳಿದರೂ ಹೋದರೂ ತಟ್ಟೆ ತೊಳೆದು ವಾಪಸ್ಸು ಬರಬೇಕು ಎಂಬುದು ಅಲ್ಲಿಯ ಧರ್ಮ. ಎರಡು ವಾರದಲ್ಲಿ ಅವು ಮೂವತ್ತನಾಲ್ಕಾದವು. ತೂಕ ಇಳಿಸಿಕೊಳ್ಳಬೇಕಾಗಿದ್ದ ಮನುಷ್ಯ ಆರು ಪೌಂಡು ಏರಿದ.

ಮೊದಲ ನಾಲ್ಕು ದಿನ ನಾರ್ವಲ್ ಸ್ವರ್ಗದಲ್ಲಿದ್ದ. ಒರಗು ಕುರ್ಚಿಯಲ್ಲಿ ಮಲಗಿ, ಬಾಗಿಲ ಗಂಟೆ ಬಾರಿಸಿದೊಡನೆ ಟಿವಿ ಆರಿಸಿ ನರಳಲು ಶುರು ಮಾಡುತ್ತಿದ್ದ. ಐದನೆಯ ದಿನ ಬಂದವನು ಆರ್ಡಿಸ್‌ಳ ತಮ್ಮ ಡ್ವೇನ್. ಶಾಲೆಯ ಅಡುಗೆಮನೆಯಲ್ಲಿ ಕೆಲಸ ಮಾಡುವ ಮಿತಭಾಷಿ. ಟೋಪಿ ತೆಗೆದು ಕೈಯಲ್ಲಿ ತಿರುಗಿಸುತ್ತ ನಿಂತ. ಅವನ ಹಿಂದೆ ಲವೋನ್ ಇದ್ದಳು.

"ಭಾವ, ಊಟದ ಚಿಂತೆ ಬಿಟ್ಬಿಡಿ. ಸಮಿತಿಯವ್ರು ಹೇಳಿದ್ರು. ಈ ಸಲ ಸೌಟು ನಾನು ಹಿಡೀತೀನಿ."

ನಾರ್ವಲ್ ಧಡಕ್ಕನೆ ಎದ್ದು ಕುಳಿತ. ಹೊಲಿಗೆ ಚುರುಕ್ಕೆಂದಿತು. "ಯಾವ ಸಮಿತಿ? ಡಾಕ್ಟ್ರು ಸೌಟು ಹಿಡೀಬಹುದು ಅಂದಿದ್ದಾರೆ! ನಂಗೇನೂ ಆಗಿಲ್ಲ!"

"ನೋಡಿದ್ಯಾ ಡ್ವೇನ್, ಧೈರ್ಯ ಅಂದ್ರೆ ಇದು" ಎಂದಳು ಲವೋನ್.

"ಧೈರ್ಯ ಅಲ್ಲ! ನಿಜವಾಗ್ಲೂ ಚೆನ್ನಾಗಿದ್ದೀನಿ!"

"ನಮ್ಮ ಚಿಕ್ಕಪ್ಪನೂ ಕೊನೇ ವಾರ ಹೀಗೇ ಹೇಳ್ತಿದ್ರು" ಎಂದು ಅವಳು ಅವನ ಕಾಲಿಗೆ ಹೊದಿಕೆ ಎಳೆದು ಬಿಗಿಯಾಗಿ ಸಿಕ್ಕಿಸಿದಳು.

ಅಂದಿನಿಂದ ನಾರ್ವಲ್ ಆರೋಗ್ಯವಂತನಾಗಲು ಪಟ್ಟ ಪಾಡು ಯಾವ ರೋಗಿಯೂ ಪಟ್ಟಿರಲಾರ. ಟಪಾಲು ಡಬ್ಬಿಯವರೆಗೆ ನಡೆದು ತೋರಿಸಿದ. ಎದುರುಮನೆಯವನು ಓಡಿಬಂದು ತೋಳು ಹಿಡಿದು ಒಳಗೆ ತಂದು ಬಿಟ್ಟ. ಅಂಗಳದ ಎಲೆ ಗುಡಿಸಲು ಹೋದ. ಇಬ್ಬರು ಬಂದು ಕೈಯಿಂದ ಕಸಬರಿಗೆ ಕಿತ್ತುಕೊಂಡು, ಅವನ ಅಂಗಳದ ಜೊತೆ ಪಕ್ಕದ ಅಂಗಳವನ್ನೂ ಗುಡಿಸಿ ಹೋದರು. ಅಂಗಡಿಗೆ ಹೋಗಿ ಗಟ್ಟಿಯಾಗಿ ನಕ್ಕ. "ಪಾಪ, ನೋವು ಮರೆಸೋ ಮಾತ್ರೆ ಇರ್ಬೇಕು" ಎಂದರು. ತಾನು ತೋಡಿದ ಹಳ್ಳ ಇಷ್ಟು ಆಳವಿದೆಯೆಂದು ಅವನಿಗೆ ಈಗ ಗೊತ್ತಾಯಿತು. ಒಂದು ಮಾತು ಹೇಳಿದರೆ ಮೇಲೆ ಬರಬಹುದಿತ್ತು. ಆದರೆ ಆ ಮಾತು "ಹೊಕ್ಕುಳು".

ಎರಡು ವಾರದ ತಪಾಸಣೆಗೆ ಹೋದಾಗ ಡಾಕ್ಟರ್ ಕ್ವಾಮ್ ಗಾಯ ನೋಡಿ ಮೆಚ್ಚಿದಳು, ತಕ್ಕಡಿ ನೋಡಿ ಹುಬ್ಬು ಗಂಟಿಕ್ಕಿದಳು.

"ಡಾಕ್ಟ್ರೇ, ನಾನು ಚೆನ್ನಾಗಿದ್ದೀನಿ ಅಂತ ಒಂದು ಚೀಟಿ ಬರ್ಕೊಡಿ."

"ಯಾರಿಗೆ? ಕೆಲಸಕ್ಕಾ?"

"ಊರಿಗೆ."

ಅವಳು ಅವನ ಮುಖವನ್ನೊಮ್ಮೆ ನೋಡಿ, "ಈ ರೋಗಿ ಸೌಟು ಹಿಡಿಯಲು ಯಾವ ಅಡ್ಡಿಯೂ ಇಲ್ಲ" ಎಂದು ಬರೆದು ಸಹಿ ಹಾಕಿದಳು. ನಾರ್ವಲ್ ಅದನ್ನು ನೇರವಾಗಿ ಚರ್ಚಿನ ಅಡುಗೆಮನೆಗೆ ಒಯ್ದ. ಅಲ್ಲಿ ಊಟದ ಸಮಿತಿಯ ಐದು ಹೆಂಗಸರು ಲೋಟ ಒರೆಸುತ್ತಿದ್ದರು. ಲವೋನ್ ಚೀಟಿಯನ್ನು ಎರಡು ಸಲ ಓದಿದಳು. ಅವಳ ತುಟಿ ಅದುರಿತು.

"ಕೊನೇ ಆಸೆ ಅಂತ ಡಾಕ್ಟ್ರೂ ಮನಸ್ಸು ಕರಗಿ ಬರ್ಕೊಟ್ಟಿದ್ದಾರೆ ಕಣ್ರೇ" ಎಂದಳು. ಐದೂ ಜನ ಒಟ್ಟಿಗೆ ಬೆನ್ನು ತಿರುಗಿಸಿ ಭುಜ ಕುಲುಕಿಸತೊಡಗಿದರು. ಅಳುತ್ತಿದ್ದಾರೆಂದು ನಾರ್ವಲ್ ಭಾವಿಸಿ, ಪಾಪ ಇವರ ಮನಸ್ಸು ನೋಯಿಸಿದೆನಲ್ಲ ಎಂದು ಸದ್ದಿಲ್ಲದೆ ಹೊರಗೆ ಬಂದ.

ನವೆಂಬರಿನ ಮೊದಲ ಶನಿವಾರ ನೆಲಮಾಳಿಗೆಯಲ್ಲಿ ಇನ್ನೂರು ಜನ. ಮುಂದಿನ ಮೇಜಿನ ತಲೆಗೆ ಒಂದು ಮೆತ್ತನೆಯ ಕುರ್ಚಿ ಹಾಕಿ, ನಾರ್ವಲ್‌ನನ್ನು ಕೂರಿಸಿ, ಮಂಡಿಯ ಮೇಲೆ ಕೌದಿ ಹೊದಿಸಿದ್ದರು. "ಹತ್ತೊಂಬತ್ತು ವರ್ಷಗಳ ಸೇವೆಗೆ ಕೃತಜ್ಞತೆಗಳೊಂದಿಗೆ" ಎಂದು ಕೆತ್ತಿದ ಮರದ ಫಲಕವನ್ನು ಪಾದ್ರಿಯಮ್ಮ ಕೈಗಿತ್ತಳು. ಸತ್ತವರಿಗೆ ಕೊಡುವಂಥ ಚಪ್ಪಾಳೆ ಬಿತ್ತು. ತೆರೆದ ಬಾಗಿಲಾಚೆ ಅಡುಗೆಮನೆಯಲ್ಲಿ ಹಬೆಯ ನಡುವೆ ಡ್ವೇನ್ ನಿಂತಿದ್ದ. ಅವನ ಕೈಯಲ್ಲಿ ಅಪ್ಪನ ಸೌಟು.

ಅದನ್ನು ನೋಡಿದಾಗ ನಾರ್ವಲ್‌ಗೆ ಹೊಟ್ಟೆಯ ನೋವೆಲ್ಲ ಎದೆಗೆ ಬಂತು. ನಟ್ಟು ಬೋಲ್ಟು ತೂಗುವವನಿಗೆ ಈ ಲೋಕದಲ್ಲಿ ಇದ್ದದ್ದು ಆ ಒಂದು ಸೌಟು. ಇನ್ನು ಮಾನ ಹೋದರೆ ಹೋಗಲಿ ಎಂದುಕೊಂಡ. ಕೌದಿ ಎಸೆದು ಎದ್ದ. ಪಾದ್ರಿಯಮ್ಮನ ಕೈಯಿಂದ ಮೈಕು ಕಿತ್ತುಕೊಂಡ.

"ನಾನು ಸಾಯ್ತಾ ಇಲ್ಲ!" ಎಂದ. ಚಮಚಗಳ ಸದ್ದು ನಿಂತಿತು. "ನಂಗೆ ಕರುಳಿನ ಪೆಟ್ಟಿಲ್ಲ, ಹೆಪ್ಪಿಲ್ಲ, ಏನೂ ಇಲ್ಲ. ಹೊಕ್ಕುಳು! ಬರೀ ಹೊಕ್ಕುಳು! ಹಸುಗೂಸುಗಳಿಗೆ ಬರೋದು! ಹಂಡೆ ಎತ್ತಿ ಆದದ್ದೂ ಅಲ್ಲ, ಬೂಟಿನ ಲಾಡಿ ಕಟ್ತಾ ಆದದ್ದು. ಬೇಕಿದ್ರೆ ನೋಡಿ!" ಎಂದು ಅಂಗಿ ಎತ್ತಿದ. ದುಂಡನೆಯ ಬಿಳಿ ಹೊಟ್ಟೆಯ ನಡುವೆ, ಹೊಕ್ಕುಳ ಕೆಳಗೆ, ಒಂದಿಂಚಿನ ಕೆಂಪು ಗೆರೆ ನಗುತ್ತಿತ್ತು.

ಹಿಂದಿನ ಮೇಜಿನಿಂದ ತೊಂಬತ್ತೊಂದು ವರ್ಷದ ಪಾಮರ್ ಮೋ ತಾತನ ಧ್ವನಿ ಬಂತು.

"ಗೊತ್ತು ಕಣೋ. ಅಂಗಿ ಇಳಿಸಿ ಕೂತ್ಕೋ. ಬೆಣ್ಣೆ ಗಟ್ಟಿಯಾಗ್ತಿದೆ."

"ಗೊತ್ತಾ? ಯಾರಿಗೆ ಗೊತ್ತು?"

ಇನ್ನೂರು ಜನ ತಮ್ಮ ತಮ್ಮ ತಟ್ಟೆ ನೋಡಿಕೊಂಡರು. ನಾರ್ವಲ್ ಆರ್ಡಿಸ್‌ಳತ್ತ ತಿರುಗಿದ. ಆರ್ಡಿಸ್ ಬೆಣ್ಣೆಯ ಜಗ್ಗು ನೋಡುತ್ತಿದ್ದಳು.

"ಅದೇ ಭಾನುವಾರ ಲವೋನ್‌ಗೆ ಹೇಳಿದ್ದೆ" ಎಂದಳು ಕೊನೆಗೆ. "ತಪ್ಪಾಗಿದೆ, ಸರಿಮಾಡು ಅಂದೆ. ಅವಳು ಅಂದ್ಲು, ಹತ್ತೊಂಬತ್ತು ವರ್ಷ ಆದ್ಮೇಲೆ ದೇವ್ರು ಒಂದು ದಾರಿ ತೋರ್ಸಿದ್ದಾನೆ, ಸುಮ್ನಿರು ಆರ್ಡಿಸ್ ಅಂದ್ಲು. ಸುಮ್ನಾದೆ."

"ಯಾವ ದಾರಿ?"

ಆರ್ಡಿಸ್ ಒಂದು ತಟ್ಟೆ ಅವನ ಮುಂದೆ ಸರಿಸಿದಳು. "ತಿನ್ನು."

ತಟ್ಟೆಯಲ್ಲಿ ಡ್ವೇನ್ ಬೇಯಿಸಿದ ಮೀನಿತ್ತು. ಅದು ತಟ್ಟೆಯಲ್ಲಿ ಹರಿಯುತ್ತಿರಲಿಲ್ಲ, ನಿಂತಿತ್ತು. ನಾರ್ವಲ್ ಮುಳ್ಳುಚಮಚ ಒತ್ತಿದ. ಹೊಳೆಯುವ ಬಿಳಿ ಮೀನು ಪದರ ಪದರವಾಗಿ ಬಿಚ್ಚಿಕೊಂಡಿತು. ಬಾಯಿಗಿಟ್ಟ. ಚಿಕ್ಕಂದಿನಲ್ಲಿ ಅಪ್ಪನ ಪಕ್ಕ ನಿಂತು ತಿಂದದ್ದು ನೆನಪಾಯಿತು. ಅದೇ ರುಚಿ. ತಾನು ಹತ್ತೊಂಬತ್ತು ವರ್ಷ ಸೌಟಲ್ಲಿ ಎತ್ತಿ ಬಡಿಸಿದ್ದು ಇದಲ್ಲ, ಹೆಚ್ಚು ಬೆಂದು ಕರಗಿ ಗೋಡೆಗೆ ಕಾಗದ ಅಂಟಿಸುವ ಗಂಜಿಯಂತಾದದ್ದು ಎಂಬುದು ಆ ಒಂದು ತುತ್ತಿನಲ್ಲಿ ಅವನಿಗೆ ತಿಳಿಯಿತು. ಒಬ್ಬನಿಗೆ ಒಂದು ನಿಜ ಹೇಳುವ ಕಷ್ಟ ತಪ್ಪಿಸಿಕೊಳ್ಳಲು ಒಂದು ಊರು ಮೂವತ್ತನಾಲ್ಕು ಹಾಟ್‌ಡಿಷ್ ಬೇಯಿಸಿತ್ತು. ಅವನಿಗೆ ತುಂಬಾ ನಾಚಿಕೆಯಾಯಿತು. ಹೊಕ್ಕುಳಿಗಾಗಿ ಆದ ನಾಚಿಕೆ ಇದರ ಮುಂದೆ ಏನೂ ಅಲ್ಲ.

"ಅಪ್ಪ ಹೇಳಿದ್ ಹಾಗೇ ಮಾಡ್ತಿದ್ದೆನಲ್ಲ" ಎಂದ ಸಣ್ಣಗೆ. "ಹಾಡು ಮುಗಿಯೋವರೆಗೂ ಅಂದಿದ್ರು. ಒಂದು ಚರಣಾನೂ ಬಿಟ್ಟಿಲ್ಲ ನಾನು. ಐದಕ್ಕೈದೂ."

ಆರ್ಡಿಸ್ ಮೊದಲ ಬಾರಿ ತಲೆಯೆತ್ತಿದಳು. "ಐದಾ? ಮಾವ ಹಾಡ್ತಿದ್ದದ್ದು ಹಳೇ ಕಪ್ಪು ಪುಸ್ತಕ ನೋಡ್ಕೊಂಡು. ಅದ್ರಲ್ಲಿ ಇದ್ದದ್ದೇ ಮೂರು ಚರಣ."

ನಾರ್ವಲ್ ಮುಳ್ಳುಚಮಚ ಕೆಳಗಿಟ್ಟ. "ಹತ್ತೊಂಬತ್ತು ವರ್ಷದಲ್ಲಿ ಒಬ್ರಾದ್ರೂ ಹೇಳ್ಬಾರ್ದಿತ್ತಾ?"

"ನೀನು ಅಷ್ಟು ಭಕ್ತಿಯಿಂದ ಹಾಡ್ತಿದ್ದೆ" ಎಂದಳು ಲವೋನ್. "ಮಧ್ಯದಲ್ಲಿ ಹೇಗೆ ಹೇಳೋದು?"

ಅಷ್ಟರಲ್ಲಿ ಡ್ವೇನ್ ಏಪ್ರನ್ನಿಗೆ ಕೈ ಒರೆಸುತ್ತ ಬಾಗಿಲಿಗೆ ಬಂದ. ಸೌಟಿನ ಹಿಡಿಯನ್ನು ಮುಂದೆ ಮಾಡಿದ. "ಭಾವ, ಇನ್ನೊಂದು ಹಂಡೆ ಬಾಕಿ ಇದೆ. ಇಳಿಸೋದು ನಾನು. ಹಾಡೋದು ನೀವು." ಆಮೇಲೆ ಆ ಊರಿನಲ್ಲಿ ಯಾರೂ ಯಾರಿಗೂ ಹೇಳದ ಮಾತನ್ನು ಹೇಳಿದ. "ಐದು ಹಾಡ್ಬೇಡಿ. ಚೆನ್ನಾಗಿರಲ್ಲ."

ನಾರ್ವಲ್ ಸೌಟು ಹಿಡಿದು ಒಲೆಯ ಮುಂದೆ ನಿಂತ. ಬಟ್ಟೆಯ ಗಂಟುಗಳು ನೀರಿಗಿಳಿದವು. ಅವನು ಹಾಡತೊಡಗಿದ. ಜನ ಊಟ ಬಿಟ್ಟು ಬಾಗಿಲಲ್ಲಿ, ಮೆಟ್ಟಿಲಲ್ಲಿ, ಬೆಂಚುಗಳ ಮೇಲೆ ನಿಂತು ಕೇಳಿದರು. ಕೆಲವರು ಬೆರಳು ಮಡಚಿ ಎಣಿಸುತ್ತಿದ್ದರು. ಮೊದಲ ಚರಣ ಮುಗಿಯಿತು, ಎರಡನೆಯದು ಮುಗಿಯಿತು. ಮೂರನೆಯದರ ಕೊನೆಗೆ ಅವನ ಕಣ್ಣುಗಳು ತಾವಾಗಿ ಮುಚ್ಚಿದವು, ಗಂಟಲು ಉಬ್ಬಿತು, ಎದೆ ತುಂಬಿತು. ಹತ್ತೊಂಬತ್ತು ವರ್ಷದ ಅಭ್ಯಾಸದಿಂದ ನಾಲ್ಕನೆಯ ಚರಣಕ್ಕೆಂದು ಅವನು ಉಸಿರೆಳೆದುಕೊಂಡ.

"ಆಮೆನ್!" ಎಂದರು ಇನ್ನೂರು ಜನ, ಒಂದೇ ಧ್ವನಿಯಲ್ಲಿ.